ತುಳಸಿಕಟ್ಟೆ ಇಲ್ಲದ ಊರಿಗೆ ಬಂದ ಮೆಡಿಯಾ

ಜೂನ್ 1ರಿಂದ ಜುಲೈ 31ರವರೆಗೆ ಕಾರವಾರದಲ್ಲಿ ಯಾಂತ್ರಿಕ ಬೋಟುಗಳು ಕಡಲಿಗೆ ಇಳಿಯುವುದಿಲ್ಲ. ತಾಜಾ ಮೀನು ಅಷ್ಟಕ್ಕಷ್ಟೇ. ಬಯಲಾಟದ ಮೇಳಗಳೂ ಗೆಜ್ಜೆ ಬಿಚ್ಚಿಟ್ಟು ಮನೆ ಸೇರಿರುತ್ತವೆ. ಇಂಥ ಒಂದು ಶನಿವಾರ ರಾತ್ರಿ ಗೆಳೆಯನ ಮನೆಯ ಹಾಲ್‌ನಲ್ಲಿ ಬಿಳಿ ಬೆಡ್‌ಶೀಟ್ ಕಟ್ಟಿ, ಬಾಡಿಗೆಗೆ ತಂದ ಪ್ರೊಜೆಕ್ಟರ್ ಇಟ್ಟು, ನಾವು ಐದು ಜನ ಪಾಸೊಲಿನಿಯ ‘ಮೆಡಿಯಾ’ ನೋಡಿದೆವು. 1969ರ ಇಟಾಲಿಯನ್ ಸಿನಿಮಾ. ಹೆಸರು ಕೇಳಿದ ಕೂಡಲೇ ಗೆಳೆಯನ ಹೆಂಡತಿ, ಅಂದರೆ ನಮ್ಮ ವೈನಿ, “ಟಿವಿಯವರ ಮೇಲೆ ತೆಗೆದ ಪಿಕ್ಚರಾ?” ಅಂತ ಕೇಳಿದರು. ಅಲ್ಲ ವೈನಿ, ಗಂಡನ ಮೇಲೆ ಸೇಡು ತೀರಿಸಿಕೊಂಡವಳ ಕತೆ ಅಂದೆ. ಹಾಗಾದ್ರೆ ನೋಡ್ತೇನೆ ಅಂತ ಕುರ್ಚಿ ಎಳೆದುಕೊಂಡು ಕೂತರು.

ಮೊದಲೇ ಹೇಳಿಬಿಡುತ್ತೇನೆ, ನನಗೆ ಸಿನಿಮಾ ಇಷ್ಟವಾಯಿತು. ಆದರೆ ಯಾಕೆ ಇಷ್ಟವಾಯಿತು ಅನ್ನುವುದು ನನಗೆ ಗೊತ್ತಾಗಿದ್ದು ಗೆಳೆಯನ ತಾಯಿ, ಅಂದರೆ ಆಯಿಯಿಂದ. ಅವರಿಗೆ ಇಟಾಲಿಯನ್ ಬರುವುದಿಲ್ಲ, ಇಂಗ್ಲಿಷ್ ಸಬ್‌ಟೈಟಲ್ ಓದಲೂ ಬರುವುದಿಲ್ಲ, ಮನೆಮಾತು ಕೊಂಕಣಿ. ನಾನು ಪಕ್ಕದಲ್ಲಿ ಕೂತು ಅಷ್ಟಿಷ್ಟು ಕನ್ನಡದಲ್ಲಿ ಹೇಳುತ್ತಿದ್ದೆ, ಅಷ್ಟೇ. ಐದನೆಯವನು ಶಿರಸಿಯಿಂದ ಬಂದಿದ್ದ. ಮಳೆಗಾಲ ಪೂರ್ತಿ ತಾಳಮದ್ದಳೆ ಅಂತ ತಿರುಗುವವನು, ಅರ್ಥ ಹೇಳುವವನು. ಅವನನ್ನು ಇಲ್ಲಿ ಅರ್ಥಧಾರಿ ಅಂತಲೇ ಕರೆಯುತ್ತೇನೆ. ಹಲಸಿನ ಹಪ್ಪಳ ತಂದಿದ್ದೂ ಅವನೇ.

ಕತೆ ಗೊತ್ತಿಲ್ಲದವರಿಗೆ ಚುಟುಕಾಗಿ ಹೇಳುತ್ತೇನೆ. ಜೇಸನ್ ಅನ್ನುವ ಗ್ರೀಕ್ ರಾಜಕುಮಾರ ಚಿನ್ನದ ಕುರಿದೊಗಲು ತರಲು ಕಪ್ಪು ಸಮುದ್ರದ ಆಚೆ ದಡದ ಕಾಲ್ಕಿಸ್‌ಗೆ ಹೋಗುತ್ತಾನೆ. ಅಲ್ಲಿಯ ರಾಜನ ಮಗಳು ಮೆಡಿಯಾ, ಸೂರ್ಯನ ಮೊಮ್ಮಗಳು, ಮಂತ್ರ ತಂತ್ರ ಬಲ್ಲವಳು. ಅವನಿಗಾಗಿ ತನ್ನ ದೇವರ ವಸ್ತುವನ್ನೇ ಕದ್ದು ಕೊಡುತ್ತಾಳೆ, ತಮ್ಮನನ್ನು ಕೊಲ್ಲುತ್ತಾಳೆ, ಊರು ಬಿಟ್ಟು ಅವನ ಹಿಂದೆ ಬರುತ್ತಾಳೆ. ಎರಡು ಮಕ್ಕಳಾಗುತ್ತವೆ. ಆಮೇಲೆ ಜೇಸನ್ ಕೊರಿಂಥ್ ರಾಜ ಕ್ರೆಯಾನ್‌ನ ಮಗಳನ್ನು ಮದುವೆಯಾಗಲು ಹೊರಡುತ್ತಾನೆ. ಮೆಡಿಯಾ ಆ ಹುಡುಗಿಯನ್ನೂ ಅವಳ ಅಪ್ಪನನ್ನೂ ಮುಗಿಸುತ್ತಾಳೆ. ಕೊನೆಗೆ ತನ್ನದೇ ಮಕ್ಕಳನ್ನೂ. ಯೂರಿಪಿಡೀಸ್ ಇದನ್ನು ಕ್ರಿ.ಪೂ. 431ರಲ್ಲಿ ಅಥೆನ್ಸಿನ ಹಬ್ಬದ ನಾಟಕ ಸ್ಪರ್ಧೆಗೆ ಬರೆದ. ಸ್ಪರ್ಧೆಯಲ್ಲಿ ಇದ್ದಿದ್ದು ಮೂರು ಜನ, ಇವನಿಗೆ ಬಂದಿದ್ದು ಮೂರನೇ ಸ್ಥಾನ.

ಕನ್ನಡಕ್ಕೆ ಗ್ರೀಕ್ ದುರಂತ ನಾಟಕ ಹೊಸದೇನಲ್ಲ. ಬಿ.ಎಂ.ಶ್ರೀ 1929ರಲ್ಲೇ ಸೊಫೊಕ್ಲಿಸ್‌ನ ‘ಏಜಾಕ್ಸ್’ ಹಿಡಿದು ‘ಅಶ್ವತ್ಥಾಮನ್’ ಬರೆದಿದ್ದರು. ಸೇಡು ಅಂದರೆ ಅಶ್ವತ್ಥಾಮ ಅಂತ ನಮಗೂ ಬೇಗ ಹೊಳೆಯುತ್ತದಲ್ಲ. ನಮ್ಮ ಕಾರವಾರಕ್ಕಂತೂ ಸೇಡಿಗೂ ನಾಟಕಕ್ಕೂ ಹಳೇ ನಂಟು. ಟಾಗೋರರು ಯುವಕನಾಗಿದ್ದಾಗ ಇಲ್ಲಿ ಅಣ್ಣನ ಮನೆಯಲ್ಲಿದ್ದು ಬರೆದ ನಾಟಕದ ಹೆಸರೇ ‘ಪ್ರಕೃತಿಯ ಪ್ರತಿಶೋಧ’. ಅದು ಸನ್ಯಾಸಿಯೊಬ್ಬನ ಕತೆ, ಇದಕ್ಕೂ ಅದಕ್ಕೂ ಸಂಬಂಧ ಇಲ್ಲ. ಆದರೂ ಬೀಚಿನ ಮೇಲೆ ಹೋಗುವಾಗ ನೆನಪಾಗುತ್ತದೆ.

ಸರಿ, ಸಿನಿಮಾಕ್ಕೆ ಬರೋಣ. ಮೂಲ ನಾಟಕ ಶುರುವಾಗುವುದೇ ಗಂಡ ಮೋಸ ಮಾಡಿದ ಮೇಲೆ. ಪಾಸೊಲಿನಿ ಅದಕ್ಕಿಂತ ಎಷ್ಟೋ ಹಿಂದಕ್ಕೆ ಹೋಗುತ್ತಾನೆ. ಪುಟ್ಟ ಜೇಸನ್‌ನನ್ನು ಸಾಕಿದ ಕುದುರೆ ಮೈಯ ಮನುಷ್ಯನೊಬ್ಬ ಇದ್ದಾನೆ, ಅವನ ಭಾಷಣದಿಂದ ಸಿನಿಮಾ ಶುರು. ಭಾಷಣ ಅಂದರೆ ನಿಜಕ್ಕೂ ಭಾಷಣ. ಹುಡುಗ ದೊಡ್ಡವನಾಗುತ್ತಾ ಹೋಗುತ್ತಾನೆ, ಈ ಪುಣ್ಯಾತ್ಮ ಮಾತಾಡುತ್ತಲೇ ಇರುತ್ತಾನೆ. ಮರ, ನೀರು, ಕಲ್ಲು ಎಲ್ಲದರಲ್ಲೂ ದೇವರಿದ್ದಾನೆ ಅನ್ನುತ್ತಾನೆ. ಹುಡುಗ ಬೆಳೆದಂತೆ, ದೇವರು ಗೀವರು ಏನೂ ಇಲ್ಲ ಅನ್ನುತ್ತಾನೆ. ಅಷ್ಟು ಹೊತ್ತಿಗೆ ಅವನ ಕುದುರೆ ಮೈ ಹೋಗಿ ಎರಡು ಕಾಲಿನ ಮಾಮೂಲಿ ಮನುಷ್ಯ ಆಗಿರುತ್ತಾನೆ. ನಮ್ಮ ಗೆಳೆಯ ಇಲ್ಲೇ ಒಂದು ಆಕಳಿಕೆ ತೆಗೆದ. ಸ್ವಲ್ಪ ತಡ್ಕೋ ಮಾರಾಯ ಅಂದೆ. ಯಾಕೆಂದರೆ ಇದು ಮುಗಿದ ಕೂಡಲೇ ಕಾಲ್ಕಿಸ್ ಬರುತ್ತದೆ, ಅಲ್ಲಿಂದ ಬಹಳ ಹೊತ್ತು ಯಾರೂ ಹೆಚ್ಚುಕಡಿಮೆ ಮಾತೇ ಆಡುವುದಿಲ್ಲ!

ಕಾಲ್ಕಿಸ್ ಭಾಗವನ್ನು ತೆಗೆದಿದ್ದು ಟರ್ಕಿಯ ಗೊರೆಮೆಯಲ್ಲಿ. ಮೆತ್ತನೆ ಕಲ್ಲಿನ ಚೂಪು ಗುಡ್ಡಗಳು, ಅದರೊಳಗೆ ಕೊರೆದ ಮನೆಗಳು, ಗುಡಿಗಳು. ನಮ್ಮ ಯಾಣದ ಬಂಡೆಗಳಿಗೆ ಸುಣ್ಣ ಬಳಿದು, ಕಾಡು ತೆಗೆದು, ಒಳಗೆ ಜನ ವಾಸ ಇಟ್ಟರೆ ಹೇಗೆ ಕಾಣುತ್ತದೋ ಹಾಗೆ. ಅಲ್ಲಿ ಒಂದು ಹಬ್ಬ ನಡೆಯುತ್ತದೆ. ಒಬ್ಬ ಎಳೆ ಹುಡುಗನನ್ನು ಸಿಂಗರಿಸಿ ಕರೆತರುತ್ತಾರೆ. ಅವನು ನಗುತ್ತಲೇ ಇರುತ್ತಾನೆ. ಬಲಿ ಕೊಡುತ್ತಾರೆ. ಜನ ಅವನ ರಕ್ತ ಮಾಂಸ ಒಯ್ದು ಹೊಲದ ಪೈರಿಗೆ, ಗಿಡಕ್ಕೆ ಹಚ್ಚುತ್ತಾರೆ. ಮಕ್ಕಳಿದ್ದ ಮನೆಯಲ್ಲಿ ಇದನ್ನು ಹಾಕಬೇಡಿ, ಖಂಡಿತ ಬೇಡ. ಆದರೆ ತೋರಿಸಿದ ರೀತಿಯಲ್ಲಿ ಹೆದರಿಸುವ ಹುಕಿ ಇಲ್ಲ. ಯಾರೂ ಕಿರುಚುವುದಿಲ್ಲ. ಗದ್ದೆ ಕೆಲಸ ಮಾಡಿದ ಹಾಗೆ ಮಾಡುತ್ತಾರೆ. ಅರ್ಥಧಾರಿ ಮೆಲ್ಲಗೆ, “ನಮ್ಮಲ್ಲಿ ಭೂಮಿ ಹುಣ್ಣಿಮೆಗೆ ಬೆಳಗಿನ ಜಾವ ಗದ್ದೆಗೆ ಅನ್ನ ಬೀರ್ತಾರಲ್ಲ, ಬಸುರಿ ಭೂಮಿ ಉಣ್ಣಲಿ ಅಂತ” ಅಂದ. ರಕ್ತ ಎಲ್ಲಿ, ಅನ್ನ ಎಲ್ಲಿ ಅಂತ ಗೆಳೆಯ ರೇಗಿದ. ಆದರೂ ಭೂಮಿಗೆ ಹಸಿವು ಆಗುತ್ತದೆ ಅನ್ನುವ ನಂಬಿಕೆ ಒಂದೇ ಅಲ್ವಾ.

ಈ ಭಾಗಕ್ಕೆ ಹಾಕಿದ ಸಂಗೀತದ ಬಗ್ಗೆ ಹೇಳಲೇಬೇಕು. ಸಿನಿಮಾಕ್ಕೆ ಅಂತ ಹೊಸದಾಗಿ ಮಾಡಿದ ಟ್ಯೂನ್ ಅಲ್ಲ, ಬೇರೆ ಬೇರೆ ದೇಶಗಳ ಹಳೇ ಸಂಗೀತ ತಂದು ಜೋಡಿಸಿದ್ದಾರೆ. ಇರಾನಿನದ್ದು, ಜಪಾನಿನದ್ದು, ಟಿಬೆಟಿನದ್ದು. ಹೊಟ್ಟೆಯ ಆಳದಿಂದ ಬರುವ ಆ ದಪ್ಪ ದನಿಯ ಮಂತ್ರ ಕೇಳಿದ ಕೂಡಲೇ ವೈನಿ, “ಇದು ಮುಂಡಗೋಡಿನದ್ದಲ್ವಾ?” ಅಂದರು. ಅವರ ತವರು ಮುಂಡಗೋಡಿನ ಹತ್ತಿರ. ಅಲ್ಲಿಯ ಟಿಬೆಟನ್ ಕ್ಯಾಂಪಿನ ಮಠದಲ್ಲಿ ಕೇಳಿದ ದನಿ, ಗ್ರೀಕ್ ಕತೆಯ ಇಟಾಲಿಯನ್ ಸಿನಿಮಾದಲ್ಲಿ, ಟರ್ಕಿಯ ಗುಡ್ಡದ ಮೇಲೆ. ಓದುವಾಗ ಕಿಚಡಿ ಅನ್ನಿಸಬಹುದು, ನೋಡುವಾಗ ಅನ್ನಿಸುವುದಿಲ್ಲ.

ಮೆಡಿಯಾ ಪಾತ್ರ ಮಾಡಿದ್ದು ಮರಿಯಾ ಕಲಾಸ್. ಜಗತ್ತಿನ ಅತಿ ದೊಡ್ಡ ಆಪೆರಾ ಗಾಯಕಿಯರಲ್ಲಿ ಒಬ್ಬಳು. ಇದೇ ಮೆಡಿಯಾಳನ್ನು 1953ರಲ್ಲಿ ಆಪೆರಾದಲ್ಲಿ ಹಾಡಿ ಹೆಸರು ಮಾಡಿದವಳು. ಅವಳು ನಟಿಸಿದ್ದು ಇದೊಂದೇ ಸಿನಿಮಾ, ಇದರಲ್ಲಿ ಒಂದೇ ಒಂದು ಸಾಲನ್ನೂ ಹಾಡುವುದಿಲ್ಲ. ಇದು ಗೊತ್ತಿದ್ದರೂ ನಾನು ಅರ್ಧ ಗಂಟೆ ಕಾದೆ, ಈಗ ಹಾಡ್ತಾಳೆ ಈಗ ಹಾಡ್ತಾಳೆ ಅಂತ. ಆಮೇಲೆ ಕಾಯುವುದನ್ನು ಬಿಟ್ಟೆ, ಯಾಕೆಂದರೆ ಕಣ್ಣು. ಮೈತುಂಬ ಸರ, ಭಾರದ ಕಪ್ಪು ಬಟ್ಟೆ, ಅಲುಗಾಡಲೂ ಕಷ್ಟ. ಹಾಗಾಗಿ ಅಭಿನಯವೆಲ್ಲ ಕಣ್ಣಿನಲ್ಲಿ. ಯಕ್ಷಗಾನ ನೋಡಿ ಬೆಳೆದವರಿಗೆ ಇದು ಬೇಗ ಹಿಡಿಸುತ್ತದೆ. ವೇಷ ಕಟ್ಟಿ ರಂಗಕ್ಕೆ ಬಂದು, ಕುಣಿಯದೆ, ಮಾತಾಡದೆ, ಸುಮ್ನೆ ನಿಂತು ನೋಡುವ ಪಾತ್ರ ಇರುತ್ತದಲ್ಲ, ಹಾಗೆ. ಅವಳು ಈ ಸಿನಿಮಾ ಮಾಡುವ ಹಿಂದಿನ ವರ್ಷ, 1968ರಲ್ಲಿ, ವರ್ಷಗಟ್ಟಲೆ ಜೊತೆಗಿದ್ದ ಹಡಗು ಕುಬೇರ ಒನಾಸಿಸ್ ಇವಳನ್ನು ಬಿಟ್ಟು ಅಮೆರಿಕದ ಅಧ್ಯಕ್ಷನಾಗಿದ್ದ ಕೆನಡಿಯ ವಿಧವೆಯನ್ನು ಮದುವೆಯಾಗಿದ್ದ. ಈ ವಿಷಯ ಹೇಳಿದ್ದೇ ತಪ್ಪಾಯಿತು, ವೈನಿ ಅಲ್ಲಿಂದ ಮುಂದೆ ಜೇಸನ್ ಬಂದಾಗಲೆಲ್ಲ ಒನಾಸಿಸ್‌ಗೆ ಬೈಯತೊಡಗಿದರು.

ಈಗ ಟೆಂಟಿನ ದೃಶ್ಯ. ನನ್ನ ಮಟ್ಟಿಗೆ ಇಡೀ ಸಿನಿಮಾ ಇದೇ.

ಕುರಿದೊಗಲು ಕದ್ದಾಗಿದೆ. ಬೆನ್ನಟ್ಟಿದ ಅಪ್ಪನ ಸೈನ್ಯ ತಡವಾಗಲಿ ಅಂತ ಮೆಡಿಯಾ ತಮ್ಮನನ್ನು ಕೊಂದು ದಾರಿಯುದ್ದಕ್ಕೂ ತುಂಡು ಎಸೆದಿದ್ದಾಳೆ. ಅಪ್ಪ ಮಗನ ತುಂಡು ಹೆಕ್ಕಲು ನಿಲ್ಲುತ್ತಾನೆ, ಇವರು ತಪ್ಪಿಸಿಕೊಳ್ಳುತ್ತಾರೆ. ಯಾವುದೋ ದಡಕ್ಕೆ ಬಂದು ಜೇಸನ್‌ನ ಹುಡುಗರು ಟೆಂಟ್ ಹೊಡೆಯತೊಡಗುತ್ತಾರೆ. ನಗು, ಗಲಾಟೆ, ಪಿಕ್‌ನಿಕ್ ಬಂದ ಹಾಗೆ. ಮೆಡಿಯಾ ನೋಡುತ್ತಾ ನಿಂತವಳು ಇದ್ದಕ್ಕಿದ್ದಂತೆ ಕಂಗಾಲಾಗುತ್ತಾಳೆ. ನೀವು ಪ್ರಾರ್ಥನೆ ಮಾಡಲಿಲ್ಲ, ನಡು ಯಾವುದು ಅಂತ ಗುರುತು ಹಾಕಲಿಲ್ಲ, ಒಂದು ಮರ ಇಲ್ಲ, ಕಲ್ಲು ಇಲ್ಲ, ಈ ಜಾಗ ಮುಳುಗಿಹೋಗುತ್ತದೆ ಅಂತ ಕೂಗುತ್ತಾಳೆ. ಹುಡುಗರಿಗೆ ತಮಾಷೆ. ಅವಳು ಆ ಬಿರುಕು ಬಿಟ್ಟ ನೆಲದ ಮೇಲೆ ಓಡುತ್ತಾಳೆ. ಮಣ್ಣನ್ನು ಮಾತಾಡಿಸುತ್ತಾಳೆ, ಸೂರ್ಯನನ್ನು ಮಾತಾಡಿಸುತ್ತಾಳೆ. ಯಾವುದೂ ಉತ್ತರ ಕೊಡುವುದಿಲ್ಲ. ತನ್ನೂರಲ್ಲಿ ಮಾತಾಡುತ್ತಿದ್ದ ನೆಲ ಇಲ್ಲಿ ಮೂಕ.

ನಾನು ಇದನ್ನೆಲ್ಲ ವಿವರಿಸಲು ಬಾಯಿ ತೆರೆಯುವ ಮೊದಲೇ ಆಯಿ ಹೇಳಿಬಿಟ್ಟರು: “ಎಲ್ಲೋ ಬಂದ್ರು, ಟೆಂಟ್ ಹೊಡೆದ್ರು. ದೀಪ ಹಚ್ಚಲಿಲ್ಲ, ಕೈ ಮುಗೀಲಿಲ್ಲ. ಅವಳಿಗೆ ಹುಚ್ಚು ಹಿಡೀದೆ ಇನ್ನೇನಾಗ್ತದೆ?”

ಗೆಳೆಯ ಸಿನಿಮಾ ನಿಲ್ಲಿಸಿದ. ಆಯಿ ಮಾತು ಮುಂದುವರಿಸಿದರು. ಅವರ ಮನೆ ಮೊದಲು ಇದ್ದಿದ್ದು ಈಗ ನೌಕಾನೆಲೆ ಇರುವ ಕಡೆ. ಜಾಗ ಬಿಟ್ಟು ಈ ಕಾಲೊನಿಗೆ ಬಂದಾಗ ಮಾಡಿಗೆ ಇನ್ನೂ ಹಂಚು ಹೊದೆಸಿರಲಿಲ್ಲವಂತೆ. “ಇವನ ಅಪ್ಪ ಮೊದಲು ಕಟ್ಟಿದ್ದು ತುಳಸಿಕಟ್ಟೆ. ಹಳೇ ಅಂಗಳದ ಮಣ್ಣು ಒಂದು ಎಣ್ಣೆ ಡಬ್ಬಿಯಲ್ಲಿ ತುಂಬಿ ತಂದಿದ್ರು. ಅದನ್ನೇ ಹಾಕಿ ತುಳಸಿ ನೆಟ್ಟೆವು. ಎರಡು ದಿನ ಕಟ್ಟೆ ಪಕ್ಕದಲ್ಲೇ ಅಡುಗೆ.” ಗೆಳೆಯನಿಗೆ ಈ ಡಬ್ಬಿಯ ವಿಷಯ ಗೊತ್ತೇ ಇರಲಿಲ್ಲ. ನಲವತ್ತು ದಾಟಿದ್ದಾನೆ, ದಿನಾ ಬೆಳಗ್ಗೆ ಆ ಕಟ್ಟೆ ದಾಟಿಯೇ ಆಫೀಸಿಗೆ ಹೋಗುತ್ತಾನೆ.

ಅಲ್ಲಿಂದ ಮುಂದೆ ನಾನು ಈ ಕತೆಯನ್ನು ಬೇರೆ ಥರ ನೋಡಿದೆ. ಎಲ್ಲರೂ ಮೆಡಿಯಾ ಅಂದರೆ ಸವತಿ ಮತ್ಸರ ಅನ್ನುತ್ತಾರೆ. ಪಾಸೊಲಿನಿಯಲ್ಲಿ ಮೋಸ ಆಗುವುದು ಎರಡನೇ ಮದುವೆಯ ದಿನ ಅಲ್ಲ, ಟೆಂಟಿನ ದಿನ. ಅವಳು ಬಿಟ್ಟು ಬಂದಿದ್ದು ಏನನ್ನು ಅಂತ ಜೇಸನ್‌ಗೆ ಕೊನೆಯವರೆಗೂ ಗೊತ್ತಾಗುವುದಿಲ್ಲ. ಅವನು ಕೆಟ್ಟವನಲ್ಲ, ಅವನಿಗೆ ಅದು ಕಾಣುವುದೇ ಇಲ್ಲ. ಇದರ ಮುಂದಿನ ಭಾಗದಲ್ಲಿ ಜೇಸನ್‌ನ ಊರಿನ ಹೆಂಗಸರು ಅವಳ ಭಾರದ ಬಟ್ಟೆ ಬಿಚ್ಚಿ ತಮ್ಮ ಊರಿನ ಬಟ್ಟೆ ತೊಡಿಸುತ್ತಾರೆ. ಯಾರೂ ಒರಟಾಗಿ ನಡೆದುಕೊಳ್ಳುವುದಿಲ್ಲ, ಎಲ್ಲ ಪ್ರೀತಿಯಿಂದಲೇ. ವೈನಿ ಆ ದೃಶ್ಯದಲ್ಲಿ ಏನೂ ಮಾತಾಡಲಿಲ್ಲ. ಅಷ್ಟು ಹೊತ್ತು ಒನಾಸಿಸ್‌ಗೆ ಬೈಯುತ್ತಿದ್ದವರು.

ಜೇಸನ್ ಪಾತ್ರಧಾರಿ ಜುಸೆಪ್ಪೆ ಜೆಂಟಿಲೆ ನಟನೇ ಅಲ್ಲ, ಟ್ರಿಪಲ್ ಜಂಪ್ ಆಟಗಾರ. 1968ರ ಮೆಕ್ಸಿಕೊ ಒಲಿಂಪಿಕ್ಸ್‌ನಲ್ಲಿ ಅರ್ಹತಾ ಸುತ್ತಿನಲ್ಲಿ ಒಮ್ಮೆ, ಫೈನಲ್‌ನಲ್ಲಿ ಇನ್ನೊಮ್ಮೆ ವಿಶ್ವದಾಖಲೆ ಮಾಡಿದ, ಆದರೂ ಸಿಕ್ಕಿದ್ದು ಕಂಚು. ನನಗೆ ಕೇಳಿದರೆ ನಿಜವಾದ ಗ್ರೀಕ್ ದುರಂತ ಅದು. ಸಿನಿಮಾದಲ್ಲಿ ಅವನಿಗೆ ಒಂದು ಚಂದದ ನಗು, ಒಂದು ಚಂದದ ಎದೆ ಬಿಟ್ಟರೆ ಬೇರೆ ಏನೂ ಬರುವುದಿಲ್ಲ. ಬೇಕಂತಲೇ ಹಾಗೆ ಆರಿಸಿರಬೇಕು. ಆದರೆ ಕಲಾಸ್ ಎದುರಿಗೆ ನಿಂತಾಗ ತಕ್ಕಡಿ ಪೂರ್ತಿ ಒಂದೇ ಕಡೆ ವಾಲುತ್ತದೆ, ಜಗಳ ಜಗಳದ ಹಾಗೆ ಅನ್ನಿಸುವುದಿಲ್ಲ.

ಇದು ಅರ್ಥಧಾರಿಗೆ ಸಹಿಸಲಾಗಲಿಲ್ಲ. ಎದುರು ಪಾತ್ರ ಗಟ್ಟಿ ಇಲ್ಲದಿದ್ದರೆ ಪ್ರಸಂಗ ಏಳುವುದು ಹೇಗೆ ಅಂತ ಎದ್ದು ನಿಂತು, ತಾನೇ ಜೇಸನ್ ಪರವಾಗಿ ಹತ್ತು ನಿಮಿಷ ಅರ್ಥ ಹೇಳಿದ. ಕಾಡು ಜನರ ನಡುವೆ ಇದ್ದ ನಿನ್ನನ್ನು ನಾಗರಿಕರ ದೇಶಕ್ಕೆ ತಂದೆ, ನ್ಯಾಯ ಏನು ಕಾನೂನು ಏನು ಅಂತ ನೀನು ತಿಳಿದುಕೊಂಡೆ, ನಿನ್ನ ಹೆಸರು ನಾಲ್ಕು ಜನ ಹೇಳುವಂತಾಯಿತು, ರಾಜಕುಮಾರಿಯನ್ನು ಮದುವೆಯಾಗುವುದೂ ನಮ್ಮ ಮಕ್ಕಳ ಒಳ್ಳೆಯದಕ್ಕೇ, ಹೀಗೆ. ತಮಾಷೆ ಏನೆಂದರೆ ಅವನು ಯೂರಿಪಿಡೀಸ್‌ನನ್ನು ಓದಿಲ್ಲ. ನಾಟಕದಲ್ಲಿ ಜೇಸನ್ ಹೇಳುವುದು ಹೆಚ್ಚುಕಡಿಮೆ ಇದನ್ನೇ! ಎರಡು ಸಾವಿರದ ನಾನ್ನೂರು ವರ್ಷವಾದರೂ ಗಂಡಸರ ವಾದ ಬದಲಾಗಿಲ್ಲ ಅಂತ ವೈನಿ ಹಪ್ಪಳದ ಡಬ್ಬಿ ಅವನಿಂದ ಕಿತ್ತುಕೊಂಡರು.

ನನ್ನ ದೊಡ್ಡ ತಕರಾರು ಇರುವುದೂ ಇಲ್ಲೇ. ನಾಟಕದಲ್ಲಿ ಮೆಡಿಯಾ ಊರಿನ ಹೆಂಗಸರ ಎದುರು ನಿಂತು ಹೆಣ್ಣಿನ ಪಾಡಿನ ಬಗ್ಗೆ ಮಾತಾಡುತ್ತಾಳೆ. ಒಂದು ಸಲ ಹೆರುವುದಕ್ಕಿಂತ ಮೂರು ಸಲ ಯುದ್ಧಕ್ಕೆ ಹೋಗಿ ನಿಲ್ಲುವುದೇ ವಾಸಿ ಅನ್ನುತ್ತಾಳೆ. ಎಂಥ ಮಾತು ಅದು! ಸಿನಿಮಾದಲ್ಲಿ ಅದು ಇಲ್ಲ. ಆ ಊರಿನ ಹೆಂಗಸರು ಮೂಲೆಯಲ್ಲಿ ಸುಮ್ಮನೆ ಕೂತಿರುತ್ತಾರೆ. ಕುದುರೆ ಮನುಷ್ಯನಿಗೆ ಅಷ್ಟುದ್ದ ಭಾಷಣ ಕೊಟ್ಟವನಿಗೆ ಮೆಡಿಯಾಗೆ ಈ ನಾಲ್ಕು ಸಾಲು ಕೊಡಲು ಏನಾಗಿತ್ತು?

ಕೊರಿಂಥ್ ಊರಿನ ಗೋಡೆ ಹೊರಗಿನಿಂದ ಕಂಡರೆ ಅದು ಸಿರಿಯಾದ ಅಲೆಪ್ಪೊ ಕೋಟೆ, ಒಳಗೆ ಹೋದರೆ ಇಟಲಿಯ ಪೀಸಾ. ಬಾಗಿಲು ದಾಟಿದರೆ ಖಂಡವೇ ಬದಲಾಗುತ್ತದೆ. ಪಾಸೊಲಿನಿಗೆ ಭೂಗೋಳದ ಚಿಂತೆ ಇರಲಿಲ್ಲ ಅಂತ ಕಾಣುತ್ತದೆ.

ಇಲ್ಲಿ ಇನ್ನೊಂದು ಎಚ್ಚರಿಕೆ. ರಾಜಕುಮಾರಿಯ ಸಾವು ಎರಡು ಸಲ ಬರುತ್ತದೆ. ಮೊದಲ ಸಲ ಮೆಡಿಯಾ ಕಳಿಸಿದ ಬಟ್ಟೆ ತೊಟ್ಟ ಕೂಡಲೇ ಹುಡುಗಿಗೆ ಬೆಂಕಿ ಹತ್ತುತ್ತದೆ, ಅಪ್ಪನೂ ಉರಿದುಹೋಗುತ್ತಾನೆ. ಸ್ವಲ್ಪ ಹೊತ್ತಿಗೆ ಅದೇ ಮಕ್ಕಳು, ಅದೇ ಉಡುಗೊರೆ, ಅದೇ ಮೆಟ್ಟಿಲು, ಮತ್ತೆ ಶುರು. ಗೆಳೆಯ “ಡಿಸ್ಕ್ ಹಿಂದೆ ಹೋಯ್ತು” ಅಂತ ರಿಮೋಟ್ ಹುಡುಕತೊಡಗಿದ. ಹೋಗಿಲ್ಲ. ಮೊದಲನೆಯದು ಮೆಡಿಯಾ ಕಂಡ ಕನಸು, ಅವಳ ಹಳೇ ಜಗತ್ತಿನ ಲೆಕ್ಕದಲ್ಲಿ ಆಗಬೇಕಾದ ಸಾವು. ಎರಡನೆಯ ಸಲ ಬೆಂಕಿಯೇ ಇಲ್ಲ. ಹುಡುಗಿ ಆ ಬಟ್ಟೆ ತೊಟ್ಟು ಕನ್ನಡಿಯಲ್ಲಿ ನೋಡಿಕೊಳ್ಳುತ್ತಾಳೆ, ಏನೋ ಆಗಿಬಿಡುತ್ತದೆ, ಓಡಿಹೋಗಿ ಕೋಟೆ ಗೋಡೆಯಿಂದ ಹಾರುತ್ತಾಳೆ. ಅಪ್ಪನೂ ಹಿಂದೆಯೇ ಹಾರುತ್ತಾನೆ. ಮಂತ್ರ ಕೊಂದಿತೋ, ಅವಳ ಮನಸ್ಸೇ ಕೊಂದಿತೋ, ಹೇಳುವುದಿಲ್ಲ. ನನಗೆ ಎರಡನೆಯದೇ ಹೆಚ್ಚು ಹೆದರಿಕೆ ತಂದಿತು. ಇದೇ ಊರಿನಲ್ಲಿ ಜೇಸನ್‌ಗೆ ಆ ಕುದುರೆ ಮನುಷ್ಯನೂ ಎರಡಾಗಿ ಕಾಣಿಸಿಕೊಳ್ಳುತ್ತಾನೆ, ಒಬ್ಬ ಕುದುರೆ ಮೈಯವನು, ಒಬ್ಬ ಮಾಮೂಲಿ. ಮಾತಾಡುವುದು ಮಾಮೂಲಿಯವನು ಮಾತ್ರ. ನೀನು ನಿಜಕ್ಕೂ ಮೆಡಿಯಾಳನ್ನು ಪ್ರೀತಿಸುತ್ತೀಯ ಅಂತ ಅವನು ಹೇಳಿದಾಗ ಜೇಸನ್ ಮುಖದಲ್ಲಿ ಬರುವ ಗೊಂದಲ, ಆ ಹುಡುಗ ಇಡೀ ಸಿನಿಮಾದಲ್ಲಿ ಮಾಡಿದ ಒಂದೇ ಒಂದು ಅಭಿನಯ.

ಮಕ್ಕಳ ದೃಶ್ಯದಲ್ಲಿ ರಕ್ತ ಚೆಲ್ಲುವುದಿಲ್ಲ, ಕೂಗಿಲ್ಲ. ಒಬ್ಬೊಬ್ಬರನ್ನೇ ಕರೆದು ಸ್ನಾನ ಮಾಡಿಸುತ್ತಾಳೆ, ಬಿಳಿ ಬಟ್ಟೆ ಹಾಕುತ್ತಾಳೆ, ತೊಡೆಯ ಮೇಲೆ ಕೂರಿಸಿಕೊಂಡು ತಟ್ಟುತ್ತಾಳೆ. ಚಾಕು ಒಂದು ಕ್ಷಣ ಕಾಣುತ್ತದೆ, ಅಷ್ಟೇ. ಹೊರಗೆ ಮಳೆ ಜೋರಾಗಿತ್ತು, ಮಾಡಿನ ನೀರಿನ ಸದ್ದು ಬಿಟ್ಟರೆ ನಮ್ಮ ಹಾಲ್‌ನಲ್ಲಿ ಬೇರೆ ಸದ್ದಿಲ್ಲ. ಆಯಿ ಎದ್ದು ಹೋಗುತ್ತಾರೆ ಅಂದುಕೊಂಡಿದ್ದೆ. ಹೋಗಲಿಲ್ಲ. “ಗಂಗೆ ಏಳು ಮಕ್ಕಳನ್ನು ನೀರಿಗೆ ಹಾಕಲಿಲ್ವಾ?” ಅಂದರು. ಗಂಗೆ ಮಾಡಿದ್ದು ವಸುಗಳ ಶಾಪ ಬಿಡಿಸೋಕೆ, ಅದು ಬೇರೆ ಅಂತ ಅರ್ಥಧಾರಿ ತಕರಾರು ಎತ್ತಿದ. “ಅದು ಶಂತನುಗೆ ಗೊತ್ತಿತ್ತಾ?” ಅಂತ ಆಯಿ ಕೇಳಿದರು. ಇಷ್ಟು ವರ್ಷ ತಾಳಮದ್ದಳೆಯಲ್ಲಿ ಕೂತವನ ಬಾಯಿ ಕಟ್ಟಿದ್ದನ್ನು ನಾನು ನೋಡಿದ್ದು ಅವತ್ತು ಒಂದೇ ದಿನ.

ಕೊನೆಯಲ್ಲಿ ಅವಳು ಮನೆಗೆ ಬೆಂಕಿ ಇಡುತ್ತಾಳೆ. ಜೇಸನ್ ಮಕ್ಕಳ ಹೆಣವನ್ನಾದರೂ ಕೊಡು ಅಂತ ಬೇಡುತ್ತಾನೆ, ಬೆಂಕಿಯ ಆಚೆಯಿಂದ ಅವಳು ಕೊಡುವುದಿಲ್ಲ. ನಾಟಕದಲ್ಲಿ ಅಜ್ಜ ಸೂರ್ಯ ಕಳಿಸಿದ ರಥ ಹತ್ತಿ ಆಕಾಶದಲ್ಲಿ ಹೋಗುತ್ತಾಳೆ, ಅಥೆನ್ಸಿನ ರಾಜ ಆಶ್ರಯ ಕೊಡುತ್ತೇನೆ ಅಂತ ಮೊದಲೇ ಮಾತು ಕೊಟ್ಟಿರುತ್ತಾನೆ. ಇಲ್ಲಿ ರಥ ಇಲ್ಲ. “ರಥ ಎಲ್ಲಿ? ಕೊನೆಗೆ ರಥ ಬರಬೇಕಲ್ಲ?” ಅಂತ ಅರ್ಥಧಾರಿಗೆ ಬೇಜಾರು. ನನಗೆ ಇದೇ ಸರಿ ಅನ್ನಿಸಿತು. ನೆಲವೇ ಮಾತು ಬಿಟ್ಟವಳಿಗೆ ಆಕಾಶದಿಂದ ರಥ ಎಲ್ಲಿಂದ ಬರಬೇಕು.

ಡಿಸ್ಕ್ ಬಗ್ಗೆ ಎರಡು ಮಾತು. ನಮಗೆ ಸಿಕ್ಕಿದ್ದರಲ್ಲಿ ಸಬ್‌ಟೈಟಲ್ ಅಕ್ಷರ ಬಿಳಿ, ಅದಕ್ಕೆ ಅಂಚು ಇಲ್ಲ. ಟರ್ಕಿಯ ಬಿಳಿ ಕಲ್ಲಿನ ಮೇಲೆ ಬಿಳಿ ಅಕ್ಷರ, ಅದೂ ನಮ್ಮ ಬಿಳಿ ಬೆಡ್‌ಶೀಟ್ ಮೇಲೆ. ಅರ್ಧ ಮಾತು ಹಾಗೆಯೇ ಹೋಯಿತು, ಅರ್ಧ ನಾನು ಊಹಿಸಿ ಹೇಳಿದೆ. ಸಾಧ್ಯವಾದರೆ ಹಳದಿ ಸಬ್‌ಟೈಟಲ್ ಇರುವುದನ್ನು ಹುಡುಕಿ. ಹೆಚ್ಚುಕಡಿಮೆ ಎರಡು ಗಂಟೆಯ ಸಿನಿಮಾ, ನಿಧಾನ, ಫೋನ್ ನೋಡುತ್ತಾ ನೋಡುವಂಥದ್ದಲ್ಲ. ಕತೆ ಮೊದಲೇ ಗೊತ್ತಿರಲಿ, ಇಲ್ಲದಿದ್ದರೆ ಒಂದೂ ತಿಳಿಯುವುದಿಲ್ಲ. ಬಯಲಾಟಕ್ಕೆ ಹೋಗುವವರು ಪ್ರಸಂಗ ಗೊತ್ತಿದ್ದೇ ಹೋಗುತ್ತಾರಲ್ಲ, ಹಾಗೆ ಹೋಗಿ ಕೂರಿ. ನನ್ನ ಲೆಕ್ಕದಲ್ಲಿ ಐದಕ್ಕೆ ನಾಲ್ಕು. ವೈನಿ ಮೂರು ಕೊಟ್ಟರು, ಒಂದು ಕಡಿಮೆ ಮಾಡಿದ್ದು ಜೇಸನ್ ಸಾಯಲಿಲ್ಲ ಅಂತ.

ಇದೇ ಕತೆಯನ್ನು ಡೆನ್ಮಾರ್ಕಿನ ಲಾರ್ಸ್ ಫಾನ್ ಟ್ರೀಯರ್ 1988ರಲ್ಲಿ ಟಿವಿಗೆ ಮಾಡಿದ್ದಾನೆ, ಅದರಲ್ಲಿ ಎಲ್ಲಿ ನೋಡಿದರೂ ಜೌಗು, ಮಂಜು, ನೀರು. ಮುಂದಿನ ಶನಿವಾರ ಅದನ್ನು ಹಾಕೋಣ ಅಂದೆ. “ನೀರು ನೋಡೋಕೆ ಪಿಕ್ಚರ್ ಯಾಕೆ?” ಅಂತ ಆಯಿ ಕಿಟಕಿ ತೋರಿಸಿದರು. ಬೋಟು ಇಳಿದ ಮೇಲೆ ಬಾ, ಬಂಗಡೆ ಮಾಡ್ತೇನೆ, ಆಗ ನೋಡುವ ಅಂದಿದ್ದಾರೆ.